ಓಟ್ಸ್ ಬ್ರೆಡ್ಡಿನ ಆ ಒಂದು ಗಂಟೆ

1896ರಲ್ಲಿ ಅಮೆರಿಕದ ಬಾಸ್ಟನ್ ನಗರದಿಂದ ಒಂದು ದಪ್ಪನೆಯ ಅಡುಗೆ ಪುಸ್ತಕ ಹೊರಬಂತು. ಹೆಸರು ‘ದ ಬಾಸ್ಟನ್ ಕುಕಿಂಗ್ ಸ್ಕೂಲ್ ಕುಕ್ ಬುಕ್’. ಬರೆದವರು ಫ್ಯಾನಿ ಫಾರ್ಮರ್. ಇದು ಮಾರಾಟವಾದೀತೆಂಬ ನಂಬಿಕೆ ಪ್ರಕಾಶಕರಿಗೆ ಇರಲಿಲ್ಲ. ಮೊದಲ ಮುದ್ರಣಕ್ಕೆ 3,000 ಪ್ರತಿ ಸಾಕೆಂದರು. ಅದರ ಖರ್ಚನ್ನೂ ಲೇಖಕಿಯ ತಲೆಗೇ ಕಟ್ಟಿದರು. ಮುಂದೆ ಆ ಪುಸ್ತಕ ಲಕ್ಷಗಟ್ಟಲೆ ಖರ್ಚಾಯಿತು. ಹಕ್ಕನ್ನು ಆಕೆ ತಮ್ಮ ಬಳಿಯೇ ಇಟ್ಟುಕೊಂಡಿದ್ದರೆಂಬುದು ಬೇರೆ ಮಾತು.

ಅದರಲ್ಲಿ ಓಟ್ಸ್ ಸೇರಿಸಿದ ಬ್ರೆಡ್ಡೊಂದರ ವಿಧಾನವಿದೆ. ಕೆಲವೇ ಸಾಲು. ಆ ಸಾಲುಗಳ ನಡುವೆ ಸುಲಭವಾಗಿ ಕಣ್ತಪ್ಪುವ ಒಂದು ಸೂಚನೆ: ಓಟ್ಸಿನ ಮೇಲೆ ಕುದಿಯುವ ನೀರು ಸುರಿದು ಒಂದು ಗಂಟೆ ಹಾಗೇ ಬಿಡಬೇಕು. ಮನೆಯಲ್ಲಿ ಓಟ್ಸ್ ಬ್ರೆಡ್ ಮಾಡಹೊರಟವರು ಹೆಚ್ಚಾಗಿ ಎಡವುವುದು ಈ ಗಂಟೆಯಲ್ಲೇ.

ಫ್ಯಾನಿ ಹುಟ್ಟಿದ್ದು 1857ರಲ್ಲಿ. ಹೈಸ್ಕೂಲಿನಲ್ಲಿದ್ದಾಗ, ಹದಿನಾರರ ವಯಸ್ಸಿಗೆ, ಲಕ್ವ ಹೊಡೆಯಿತು. ಓದು ನಿಂತಿತು; ವರ್ಷಗಟ್ಟಲೆ ನಡೆಯಲಾಗಲಿಲ್ಲ. ಚೇತರಿಸಿಕೊಂಡ ಮೇಲೂ ಕುಂಟು ಹೋಗಲಿಲ್ಲ. ಮನೆಯ ಅಡುಗೆಯೇ ಕಲಿಕೆಯಾಯಿತು. ಮೂವತ್ತು ದಾಟಿದ ಮೇಲೆ ಬಾಸ್ಟನ್ನಿನ ಅಡುಗೆ ಶಾಲೆಗೆ ವಿದ್ಯಾರ್ಥಿನಿಯಾಗಿ ಸೇರಿದ ಆಕೆ ಕೆಲವೇ ವರ್ಷಗಳಲ್ಲಿ ಅದೇ ಶಾಲೆಯ ಪ್ರಿನ್ಸಿಪಾಲರಾದರು. ಅಲ್ಲಿಯವರೆಗೆ ಅಮೆರಿಕದ ಅಡುಗೆ ಪುಸ್ತಕಗಳಲ್ಲಿ ಬೆಣ್ಣೆ ‘ಮೊಟ್ಟೆಯ ಗಾತ್ರ’, ಉಪ್ಪು ‘ಚಿಟಿಕೆ’, ಹಿಟ್ಟು ‘ಬೇಕಾದಷ್ಟು’. ನಮ್ಮ ಅಜ್ಜಿಯರ ಕೈಯಳತೆಯೂ ಇದೇ ತಾನೆ? ಆ ಕೈ ಇದ್ದವರಿಗೆ ಅದು ಸರಿ, ಇಲ್ಲದವರ ಗತಿ? ಫ್ಯಾನಿ ಕಪ್ಪು, ಚಮಚಗಳನ್ನು ತುಂಬಿ, ಮೇಲ್ಭಾಗವನ್ನು ಚಾಕುವಿನಿಂದ ಸವರಿ ಸಮ ಮಾಡಲು ಕಲಿಸಿದರು. ಇಂದಿಗೂ ಅಮೆರಿಕದ ಅಡುಗೆಮನೆ ಅಳೆಯುವುದು ಹಾಗೆಯೇ.

ಇನ್ನು ಓಟ್ಸಿನ ವಿಚಾರ. ತಂಪು ಹವೆ, ಮಳೆ, ಬಡ ಮಣ್ಣು, ಇವೆಲ್ಲವನ್ನೂ ಸಹಿಸುವ ಧಾನ್ಯ ಇದು. ಗೋಧಿ ಸರಿಯಾಗಿ ಬಾರದ ಸ್ಕಾಟ್ಲೆಂಡಿನಲ್ಲಿ ಜನ ಬದುಕಿದ್ದೇ ಓಟ್ಸ್ ತಿಂದು. 1755ರ ತಮ್ಮ ನಿಘಂಟಿನಲ್ಲಿ ಸ್ಯಾಮ್ಯುಯೆಲ್ ಜಾನ್ಸನ್ ಇದನ್ನು ಇಂಗ್ಲೆಂಡಿನ ಕುದುರೆಗಳ, ಸ್ಕಾಟ್ಲೆಂಡಿನ ಮನುಷ್ಯರ ಆಹಾರವೆಂದು ಕುಟುಕಿದ್ದು ಪ್ರಸಿದ್ಧ. ಆದರೆ ಸ್ಕಾಟ್ಲೆಂಡಿನವರು ಓಟ್ಸಿನಿಂದ ಮಾಡಿದ್ದು ಗಂಜಿ ಮತ್ತು ಕಾವಲಿಯ ಮೇಲೆ ಬೇಯಿಸಿದ ಚಪ್ಪಟೆ ರೊಟ್ಟಿ. ಉಬ್ಬಿದ ಬ್ರೆಡ್ಡಲ್ಲ. ಅದಕ್ಕೆ ಕಾರಣ ಬಡತನವಲ್ಲ, ರಸಾಯನ ವಿಜ್ಞಾನ.

ಗೋಧಿ ಹಿಟ್ಟಿನಲ್ಲಿ ಗ್ಲುಟೆನಿನ್ ಮತ್ತು ಗ್ಲಯಾಡಿನ್ ಎಂಬ ಎರಡು ಬಗೆಯ ಪ್ರೋಟೀನುಗಳಿವೆ. ನೀರು ಬಿದ್ದು ನಾದಿದೊಡನೆ ಇವೆರಡೂ ಹೆಣೆದುಕೊಂಡು ರಬ್ಬರಿನಂಥ ಜಾಲವಾಗುತ್ತವೆ. ಅದೇ ಗ್ಲುಟೆನ್. ಯೀಸ್ಟ್ ಸಕ್ಕರೆಯನ್ನು ತಿಂದು ಬಿಡುವ ಇಂಗಾಲದ ಡೈ ಆಕ್ಸೈಡ್ ಈ ಜಾಲದಲ್ಲಿ ಸಿಕ್ಕಿಕೊಳ್ಳುತ್ತದೆ. ಬಲೂನಿನಂತೆ ಹಿಟ್ಟು ಉಬ್ಬುತ್ತದೆ. ಓಟ್ಸಿನಲ್ಲೂ ಪ್ರೋಟೀನು ಧಾರಾಳವಾಗಿದೆ, ಆದರೆ ಅದು ಹೆಚ್ಚಾಗಿ ಗ್ಲಾಬ್ಯುಲಿನ್ ಜಾತಿಯದು, ಜಾಲ ಹೆಣೆಯದು. ಅನಿಲ ಹುಟ್ಟುತ್ತದೆ, ತೂರಿ ಹೋಗುತ್ತದೆ. ರಾಗಿಯದೂ ಇದೇ ಕಥೆ. ರಾಗಿ ಮುದ್ದೆಯಾಗಲು, ರೊಟ್ಟಿಯಾಗಲು ಲಾಯಕ್ಕು. ಬರೀ ರಾಗಿ ಹಿಟ್ಟಿಗೆ ಎಷ್ಟೇ ಯೀಸ್ಟ್ ಸುರಿದರೂ ಕೊನೆಗೆ ಸಿಗುವುದು ಇಟ್ಟಿಗೆ.

ಆದ್ದರಿಂದ ಓಟ್ಸ್ ಬ್ರೆಡ್ ಎಂಬುದು ಹೆಸರಿಗೆ ಓಟ್ಸಿನದು, ಮೈಯೆಲ್ಲ ಗೋಧಿಯದು. ಫ್ಯಾನಿಯ ಅಳತೆಯಲ್ಲಿ ಒಂದು ಕಪ್ ಓಟ್ಸಿಗೆ ನಾಲ್ಕೂಮುಕ್ಕಾಲು ಕಪ್ ಮೈದಾ. ಸಿಹಿಗೆ ಅರ್ಧ ಕಪ್ ಕಾಕಂಬಿ. ವೆಸ್ಟ್ ಇಂಡೀಸಿನ ಕಬ್ಬಿನ ತೋಟಗಳಿಂದ ಹಡಗಿನಲ್ಲಿ ಬರುತ್ತಿದ್ದ ಕಾಕಂಬಿ ಬಾಸ್ಟನ್ ಸುತ್ತಿನ ಊರುಗಳಲ್ಲಿ ಬಹುಕಾಲ ಸಕ್ಕರೆಗಿಂತ ಅಗ್ಗವಾಗಿತ್ತು. ಓಟ್ಸ್ ಎಂದರೆ ಹಬೆಯಲ್ಲಿ ಮೆತ್ತಗೆ ಮಾಡಿ ಉರುಳೆಗಳ ನಡುವೆ ಒತ್ತಿದ, ಅವಲಕ್ಕಿಯಂಥ ಓಟ್ಸು. ಈ ಹಬೆಗೂ ಕಾರಣವುಂಟು. ಓಟ್ಸಿನಲ್ಲಿ ಕೊಬ್ಬು ಹೆಚ್ಚು; ಅದನ್ನು ಒಡೆದು ಕಮಟು ಹಿಡಿಸುವ ಕಿಣ್ವವೂ ಜೊತೆಗೇ ಇದೆ. ಹಬೆ ಆ ಕಿಣ್ವವನ್ನು ಕೊಲ್ಲುತ್ತದೆ. ಯೀಸ್ಟೂ ಆ ಹೊತ್ತಿಗೆ ಅಂಗಡಿಯ ಸರಕಾಗಿತ್ತು. 1868ರಲ್ಲಿ ಫ್ಲೈಷ್‌ಮನ್ ಸೋದರರು ಸಿನ್ಸಿನಾಟಿಯಲ್ಲಿ ಒತ್ತಿದ ಯೀಸ್ಟಿನ ಬಿಲ್ಲೆಗಳನ್ನು ತಯಾರಿಸತೊಡಗಿದ್ದರು.

ಈಗ ಆ ಒಂದು ಗಂಟೆ. ಒಣ ಓಟ್ಸನ್ನು ನೇರವಾಗಿ ಹಿಟ್ಟಿಗೆ ಕಲಸಿದರೆ ಅದು ಸುಮ್ಮನಿರುವುದಿಲ್ಲ. ಹಿಟ್ಟು ಉಬ್ಬುತ್ತಿರುವಾಗಲೇ ಅಕ್ಕಪಕ್ಕದ ನೀರನ್ನೆಲ್ಲ ಹೀರುತ್ತದೆ. ಹದವಾಗಿದ್ದ ಹಿಟ್ಟು ಗಟ್ಟಿಯಾಗುತ್ತದೆ. ಚೂಪು ಅಂಚಿನ ಚೂರುಗಳು ಗ್ಲುಟೆನ್ ಜಾಲವನ್ನೂ ಹರಿಯುತ್ತವೆ. ಮೊದಲೇ ಕುದಿಯುವ ನೀರು ಕುಡಿಸಿಬಿಟ್ಟರೆ ಈ ಎರಡು ಕಾಟವೂ ತಪ್ಪಿತು. ಓಟ್ಸಿನ ಪಿಷ್ಟ ಅರಳಿ ನೀರನ್ನು ಹಿಡಿದಿಟ್ಟುಕೊಳ್ಳುತ್ತದೆ, ಬ್ರೆಡ್ಡು ಮೆತ್ತಗೆ ಉಳಿಯುತ್ತದೆ.

ಆದರೆ ಗಂಟೆ ಕಾಯುವುದು ನೆನೆಯಲೆಂದು ಮಾತ್ರವಲ್ಲ, ಆರಲೆಂದೂ ಹೌದು. ಅವಸರ ಮಾಡುವವರು ಮರೆಯುವುದು ಇದನ್ನೇ. ಯೀಸ್ಟ್ ಒಂದು ಜೀವಿ, ಏಕಕೋಶದ ಶಿಲೀಂಧ್ರ. 25ರಿಂದ 35 ಡಿಗ್ರಿ ಸೆಲ್ಸಿಯಸ್ ಅದಕ್ಕೆ ಹಿತ. 55-60 ಡಿಗ್ರಿಯಲ್ಲಿ ಅದರ ಕಥೆ ಮುಗಿಯಿತು. ಓಟ್ಸಿನ ಅಂಟು ಗಂಜಿ ಮೇಲೆ ತಣ್ಣಗೆ ಕಂಡರೂ ಒಳಗೆ ಕಾವನ್ನು ಬಚ್ಚಿಟ್ಟುಕೊಂಡಿರುತ್ತದೆ. ಬಿಸಿ ಉಪ್ಪಿಟ್ಟಿನ ಮೇಲ್ಪದರ ನಂಬಿ ನಾಲಿಗೆ ಸುಟ್ಟುಕೊಂಡವರಿಗೆ ಹೇಳಬೇಕಿಲ್ಲ. ಚೆನ್ನಾಗಿ ಕಲಕಿ, ತಳದವರೆಗೆ ಬೆರಳು ಇಳಿಸಿ ನೋಡಬೇಕು. ಉಗುರು ಬೆಚ್ಚಗಿದ್ದರೆ ಮಾತ್ರ ಯೀಸ್ಟ್ ಹಾಕಬಹುದು.

ಒಂದು ಬ್ರೆಡ್ಡಿಗೆ ಫ್ಯಾನಿಯ ಅಳತೆಯ ಅರ್ಧ ಸಾಕು. 240 ಮಿಲಿಲೀಟರ್ ಹಿಡಿಸುವ ಕಪ್ ಇಟ್ಟುಕೊಳ್ಳಿ. ಅರ್ಧ ಕಪ್ ಓಟ್ಸಿಗೆ ಒಂದು ಕಪ್ ಕುದಿಯುವ ನೀರು. ಆರಿದ ಮೇಲೆ ಕಾಲು ಕಪ್ ಕಾಕಂಬಿ ಹಾಕಬೇಕು. ಖಾದ್ಯ ಕಾಕಂಬಿ ಎಲ್ಲೆಡೆ ಸಿಗದು. ಮಲೆನಾಡಿನ ಜೋನಿಬೆಲ್ಲ ಧಾರಾಳವಾಗಿ ಒದಗುತ್ತದೆ, ಕಾಕಂಬಿಯ ಕಹಿಯೂ ಅದರಲ್ಲಿಲ್ಲ. ಮುಕ್ಕಾಲು ಟೀ ಚಮಚ ಉಪ್ಪು, ನಿಂಬೆ ಗಾತ್ರ ಎನ್ನಬಾರದಲ್ಲ, ಅರ್ಧ ದೊಡ್ಡ ಚಮಚ ಬೆಣ್ಣೆ. ಕಾಲು ಕಪ್ ಬೆಚ್ಚನೆ ನೀರಿನಲ್ಲಿ ಒಂದು ಟೀ ಚಮಚ ಒಣ ಯೀಸ್ಟ್ ಕದಡಿ, ನೊರೆ ಬಂದ ಮೇಲೆ ಸೇರಿಸಬೇಕು. ನೊರೆ ಬಾರದಿದ್ದರೆ ಯೀಸ್ಟ್ ಸತ್ತಿದೆ. ಅಲ್ಲಿಗೇ ನಿಲ್ಲಿಸಿದರೆ ಹಿಟ್ಟಾದರೂ ಉಳಿದೀತು. ಮೈದಾ ಎರಡೂಕಾಲರಿಂದ ಎರಡೂವರೆ ಕಪ್. ಪೂರ್ತಿ ಚಪಾತಿ ಹಿಟ್ಟನ್ನೇ ಬಳಸಿದರೆ ಅದರ ತೌಡು ಜಾಲವನ್ನು ಕತ್ತರಿಸುತ್ತದೆ. ಕಾಲು ಭಾಗ ಸೇರಿಸಿದರೆ ಅಡ್ಡಿಯಿಲ್ಲ.

ಇದು ಚಪಾತಿ ಹಿಟ್ಟಿನಂತೆ ಉಂಡೆ ಕಟ್ಟುವುದಿಲ್ಲ, ಕೈಗೆ ಅಂಟುತ್ತದೆ. ಹೆದರಿ ಮತ್ತಷ್ಟು ಮೈದಾ ಸುರಿಯಬಾರದು. ಮರದ ಸೌಟಿನಿಂದ ಚೆನ್ನಾಗಿ ಬಡಿದು, ಮುಚ್ಚಿಟ್ಟು, ಇಮ್ಮಡಿಯಾದ ಮೇಲೆ ಮತ್ತೊಮ್ಮೆ ಬಡಿದು, ಬೆಣ್ಣೆ ಸವರಿದ ಅಚ್ಚಿಗೆ ಸುರಿಯಬೇಕು. ನಮ್ಮ ಬೇಸಿಗೆಯಲ್ಲಿ ಒಂದು ಗಂಟೆ ಸಾಕು. ಡಿಸೆಂಬರಿನ ಚಳಿಯಲ್ಲಿ ಎರಡಾದೀತು. ದೋಸೆ ಹಿಟ್ಟಿನ ಅನುಭವವಿರುವವರಿಗೆ ಈ ಲೆಕ್ಕ ಹೊಸದೇನಲ್ಲ. ಅಚ್ಚಿನಲ್ಲಿ ಇನ್ನೊಮ್ಮೆ ಉಬ್ಬಿದ ಮೇಲೆ 190 ಡಿಗ್ರಿ ಕಾವಿನ ಓವನ್ನಿನಲ್ಲಿ 40-45 ನಿಮಿಷ. ಅಚ್ಚಿನಿಂದ ತೆಗೆದು ತಳ ತಟ್ಟಿದರೆ ಟೊಳ್ಳು ಶಬ್ದ ಬರಬೇಕು. ಬಿಸಿಯಲ್ಲೇ ಕೊಯ್ದರೆ ಒಳಗೆ ಅಂಟಂಟು. ಪಿಷ್ಟ ಗಟ್ಟಿಯಾಗಲು ಆರಲೇಬೇಕು.

ಓಟ್ಸ್ ಎಂದೊಡನೆ ಕೊಲೆಸ್ಟರಾಲ್ ನೆನಪಾಗುವ ಕಾಲವಿದು. ಓಟ್ಸಿನ ಬೀಟಾ ಗ್ಲುಕಾನ್ ಎಂಬ ಕರಗುವ ನಾರು ದಿನಕ್ಕೆ 3 ಗ್ರಾಂ ಹೊಟ್ಟೆಗೆ ಹೋದರೆ ಹೃದಯಕ್ಕೆ ಒಳಿತೆಂದು ಪೊಟ್ಟಣದ ಮೇಲೆ ಹಾಕಿಕೊಳ್ಳಲು ಅಮೆರಿಕ ಸರ್ಕಾರ 1997ರಲ್ಲಿ ಅನುಮತಿ ಕೊಟ್ಟಿತು. ಅದು ಸುಳ್ಳಲ್ಲ. ಆದರೆ ಲೆಕ್ಕ ಹಾಕಿ ನೋಡಿ. 100 ಗ್ರಾಂ ಓಟ್ಸಿನಲ್ಲಿ ಆ ನಾರು ಸುಮಾರು 4 ಗ್ರಾಂ. ನಮ್ಮ ಬ್ರೆಡ್ಡಿಗೆ ಬಿದ್ದ ಓಟ್ಸು 45 ಗ್ರಾಂ, ನಾರು 1.8 ಗ್ರಾಂ. ಹನ್ನೆರಡು ಹೋಳು ಮಾಡಿದರೆ ಹೋಳಿಗೆ 0.15. ಮೂರು ಗ್ರಾಂ ಮುಟ್ಟಲು ಇಪ್ಪತ್ತು ಹೋಳು ತಿನ್ನಬೇಕು, ಜೊತೆಗೆ ಅಷ್ಟೂ ಮೈದಾ, ಬೆಲ್ಲ! ಔಷಧಿ ಎಂದು ಬೇಕಾದವರಿಗೆ ಒಂದು ಬಟ್ಟಲು ಓಟ್ಸ್ ಗಂಜಿಯೇ ವಾಸಿ. ಅಂಗಡಿಯ ಓಟ್ಸ್ ಬ್ರೆಡ್ಡಿನ ಪೊಟ್ಟಣ ತಿರುಗಿಸಿ, ಓಟ್ಸ್ ಶೇಕಡಾ ಎಷ್ಟೆಂದು ಓದಿ ಇದೇ ಗುಣಾಕಾರ ಮಾಡಬಹುದು. ಗ್ಲುಟೆನ್ ಒಗ್ಗದ ಸೀಲಿಯಾಕ್ ರೋಗಿಗಳಂತೂ ಹೆಸರು ನಂಬಿ ಇದನ್ನು ಮುಟ್ಟಲೇಬಾರದು.

ಫ್ಯಾನಿಯ ಮನಸ್ಸೂ ಕೊನೆಕೊನೆಗೆ ರೋಗಿಗಳ ಆಹಾರದತ್ತಲೇ ಹೊರಳಿತ್ತು. 1904ರಲ್ಲಿ ಆ ಕುರಿತೇ ಪುಸ್ತಕ ಬರೆದರು. ಹಾರ್ವರ್ಡ್‌ನ ವೈದ್ಯಕೀಯ ವಿದ್ಯಾರ್ಥಿಗಳಿಗೆ ಪಾಠ ಹೇಳಿದರು. ಕಾಲು ಮತ್ತೆ ಕೈಕೊಟ್ಟ ಮೇಲೆ ಗಾಲಿಕುರ್ಚಿಯಲ್ಲೇ ಕುಳಿತು ಉಪನ್ಯಾಸ ಮುಂದುವರಿಸಿದರು, 1915ರಲ್ಲಿ ತೀರಿಕೊಳ್ಳುವ ಕೆಲವು ದಿನ ಮೊದಲಿನವರೆಗೂ.

ಉಳಿದ ಬ್ರೆಡ್ಡನ್ನು ಫ್ರಿಜ್ಜಿನಲ್ಲಿಡುವ ಅಭ್ಯಾಸ ಹಲವರದು. ಬೂಸು ತಡವಾಗಿ ಬರುತ್ತದೆ ನಿಜ, ಆದರೆ ಆ ತಂಪಿನಲ್ಲಿ ಪಿಷ್ಟ ಬೇಗ ಬಿರುಸಾಗುತ್ತದೆ. ಬಟ್ಟೆ ಸುತ್ತಿ ಡಬ್ಬಿಯಲ್ಲಿಟ್ಟರೆ ಎರಡು ಮೂರು ದಿನ ಮೆತ್ತಗಿರುತ್ತದೆ. ಮೂರನೆಯ ದಿನ ಕಾವಲಿಯ ಮೇಲೆ ತುಪ್ಪ ಸವರಿ ಸುಟ್ಟರೆ ಓಟ್ಸಿನ ಘಮ ಮೊದಲ ದಿನಕ್ಕಿಂತ ಜೋರು.