ಎಲೆಕ್ಟ್ರಿಕ್ ಕಾರು: ಅಡಾಪ್ಟರ್ ಹಾಕುವ ಮೊದಲು

ಎಲೆಕ್ಟ್ರಿಕ್ ಕಾರು ಈಗ ನಮ್ಮ ಊರುಗಳಿಗೂ ಬಂದಿದೆ. ಮನೆಯಲ್ಲಿ ಚಾರ್ಜ್ ಮಾಡುವ ಚಾರ್ಜರಿಗೆ ಸಾಮಾನ್ಯವಾಗಿ ದಪ್ಪ ಪಿನ್ನಿನ 16 ಆಂಪಿಯರ್ ಪ್ಲಗ್ ಇರುತ್ತದೆ. ಜಗಲಿಯಲ್ಲಿ ಇರುವುದು ಸಣ್ಣ 6 ಆಂಪಿಯರ್ ಪಾಯಿಂಟು. "ಒಂದು ಅಡಾಪ್ಟರ್ ಹಾಕಿದ್ರೆ ಆಯ್ತಲ್ಲ" ಅಂತ ಅನಿಸುವುದು ಸಹಜ. ಅಪಾಯ ಇರುವುದು ಅಲ್ಲೇ.

ಇಸ್ತ್ರಿಪೆಟ್ಟಿಗೆ ಅರ್ಧ ಗಂಟೆ ಉರಿಯುತ್ತದೆ, ಕಾರು ರಾತ್ರಿಯಿಡೀ ಕರೆಂಟು ಎಳೆಯುತ್ತದೆ. 3.3 ಕಿಲೋವ್ಯಾಟಿನ ಚಾರ್ಜರಿಗೆ ಸುಮಾರು 15 ಆಂಪಿಯರ್ ಬೇಕು. ಕರೆಂಟು 6ರಿಂದ 15 ಆಂಪಿಯರಿಗೆ ಏರಿದರೆ ಅದೇ ವೈರಿನಲ್ಲಿ ಹುಟ್ಟುವ ಶಾಖ ಆರು ಪಟ್ಟು ಆಗುತ್ತದೆ. ಅಡಾಪ್ಟರ್ ಪ್ಲಗ್ಗಿನ ಆಕಾರ ಬದಲಿಸುತ್ತದೆ, ಗೋಡೆಯೊಳಗಿನ ತೆಳು ವೈರನ್ನು ದಪ್ಪ ಮಾಡುವುದಿಲ್ಲ. ಮನೆಮಂದಿ ಮಲಗಿರುವಾಗ ಸಾಕೆಟ್ ಕರಗಿ ಬೆಂಕಿ ಹಿಡಿಯಬಹುದು.

ಆದ್ದರಿಂದ ಹೀಗೆ ಮಾಡಿ:

1. ಲೈಸೆನ್ಸ್ ಇರುವ ಎಲೆಕ್ಟ್ರಿಷಿಯನ್ ಕರೆಸಿ, ಕಾರಿಗೆಂದೇ ಬೇರೆ ಲೈನು, 16 ಆಂಪಿಯರ್ ಪಾಯಿಂಟು, ಎಂ.ಸಿ.ಬಿ. ಮತ್ತು 30 ಮಿಲಿಆಂಪಿಯರ್ ಆರ್.ಸಿ.ಸಿ.ಬಿ. ಹಾಕಿಸಿ.

2. ಅರ್ತಿಂಗ್ ಪರೀಕ್ಷೆ ಮಾಡಿಸಿ. ಚಾರ್ಜರ್ ಅರ್ತ್ ಸರಿಯಿಲ್ಲ ಎಂದು ತೋರಿಸಿದರೆ, ಅದನ್ನು ಮರೆಮಾಚುವ ಅಡಾಪ್ಟರ್ ಹುಡುಕಬೇಡಿ. ಅರ್ತಿಂಗನ್ನೇ ಸರಿಪಡಿಸಿ.

3. ಎಕ್ಸ್‌ಟೆನ್ಶನ್ ಬಾಕ್ಸ್, ಅಡಾಪ್ಟರಿನ ಮೇಲೆ ಅಡಾಪ್ಟರ್ ಬೇಡವೇ ಬೇಡ.

4. ಹೊರಗಿನ ಚಾರ್ಜಿಂಗ್ ಸ್ಟೇಷನ್‌ಗಳಲ್ಲಿ ನಿಧಾನದ ಎ.ಸಿ.ಗೆ ಟೈಪ್-2, ವೇಗದ ಡಿ.ಸಿ.ಗೆ ಸಿ.ಸಿ.ಎಸ್.-2 ಹೆಚ್ಚು ಬಳಕೆಯಲ್ಲಿವೆ. ಅಡಾಪ್ಟರ್ ಬೇಕಾದರೆ ಕಾರಿನ ಕಂಪನಿ ಒಪ್ಪಿದ್ದನ್ನೇ ಕೊಳ್ಳಿ. ಎ.ಸಿ. ಅಡಾಪ್ಟರನ್ನು ಡಿ.ಸಿ.ಗೆ ಹಾಕಬೇಡಿ.

5. ಸಾಕೆಟ್ ಕಪ್ಪಾದರೆ, ಸುಟ್ಟ ವಾಸನೆ ಬಂದರೆ ಮೇನ್ ಆಫ್ ಮಾಡಿ, ಆಮೇಲೆ ಪ್ಲಗ್ ತೆಗೆಯಿರಿ. ರಿಪೇರಿ ಆಗುವ ತನಕ ಮತ್ತೆ ಹಾಕಬೇಡಿ.

ಲಕ್ಷಗಟ್ಟಲೆ ಕೊಟ್ಟು ಕಾರು ತಂದವರು ವೈರಿಂಗಿಗೆ ಜಿಪುಣತನ ಮಾಡುವುದು ಬೇಡ.