ಕೆಟ್ಟ ಗೇಮಿನ ರಿಪೇರಿಗೆ ಎಷ್ಟು ಜಿಬಿ ಬೇಕು?

ದಿಂಬಂ ಘಾಟಿಯ 27 ತಿರುವು ಹತ್ತಿದ ಮೇಲೆ ಸಿಗುವ ತಾಳವಾಡಿ ಸೀಮೆ ಸರ್ಕಾರಿ ಕಾಗದದಲ್ಲಿ ಈರೋಡು ಜಿಲ್ಲೆಗೆ ಸೇರಿದ್ದು. ಮಾತು, ನಂಟಸ್ತಿಕೆ, ಸಾಮಾನು ಸರಂಜಾಮಿಗೆಲ್ಲ ಚಾಮರಾಜನಗರವೇ ಹತ್ತಿರ. ಆ ಸೀಮೆಯ ಗೆಟ್ಟವಾಡಿಯಂಥ ಊರಲ್ಲಿ ಮೊಬೈಲಿನ ಹಾಟ್‌ಸ್ಪಾಟ್ ಹಚ್ಚಿಕೊಂಡು ನೂರು ಜಿಬಿಯ ಗೇಮೊಂದನ್ನು ಕಂಪ್ಯೂಟರಿಗೆ ಇಳಿಸಿಕೊಳ್ಳುವ ಹುಡುಗನ ಲೆಕ್ಕ ಹಾಕಿ ನೋಡಿ. ದಿನಕ್ಕೆ 2 ಜಿಬಿ ಪ್ಯಾಕು, ಅಂದರೆ 50 ದಿನ. ಅದೂ ಮನೆಯವರು ಯಾರೂ ವಿಡಿಯೋ ನೋಡದೆ ಇದ್ದರೆ. ಐವತ್ತೊಂದನೇ ದಿನ ಗೇಮ್ ತೆರೆದು, ಗಾಳಿಮಳೆಗೆ ಕರೆಂಟು ಹೋಗಿ, ಮತ್ತೆ ಬಂದಾಗ ಪರದೆಯ ಮೇಲೆ ‘ಫೈಲ್ ಕರಪ್ಟ್ ಆಗಿದೆ’ ಎಂದು ಕಂಡರೆ ಅವನು ಯಾರ ಹತ್ತಿರ ಹೋಗಬೇಕು?

ಪೇಟೆಯ ಕಂಪ್ಯೂಟರ್ ಅಂಗಡಿಗೆ ಹೋಗುತ್ತಾನೆ. “ಗೇಮು ಕರಪ್ಟ್ ಆಗೋಗದ ಕಣಣ್ಣ” ಅನ್ನುತ್ತಾನೆ. “ಫಾರ್ಮ್ಯಾಟ್ ಮಾಡ್ಬುಡವ ಬುಡು” ಎಂಬ ಉತ್ತರ ಸಿದ್ಧವಾಗಿರುತ್ತದೆ. ಫಾರ್ಮ್ಯಾಟ್ ಎಂದರೆ ಮತ್ತೆ ಐವತ್ತು ದಿನ. ಹೆಚ್ಚಿನ ಸಲ ಅದರ ಅಗತ್ಯವೇ ಇರುವುದಿಲ್ಲ. ಕೆಟ್ಟಿರುವುದು ನೂರು ಜಿಬಿಯಲ್ಲಿ ಒಂದೆರಡು ಎಂಬಿ ಮಾತ್ರ. ಯಾವ ಒಂದೆರಡು ಎಂಬಿ ಎಂದು ಕಂಡುಹಿಡಿಯುವುದೇ ರಿಪೇರಿಯ ಮುಕ್ಕಾಲು ಪಾಲು.

ಅದನ್ನು ಕಂಡುಹಿಡಿಯುವ ಉಪಾಯ ಕಿರಾಣಿ ಅಂಗಡಿಯ ಸಾಲದ ಪುಸ್ತಕದಷ್ಟೇ ಹಳೆಯದು. ಪುಟದ ಕೊನೆಯಲ್ಲಿ ಮೊತ್ತ ಬರೆದಿಟ್ಟರೆ, ನಡುವೆ ಯಾರಾದರೂ ಒಂದು ಅಂಕಿ ತಿದ್ದಿದಾಗ ಮತ್ತೆ ಕೂಡಿ ನೋಡಿದರೆ ತಾಳೆಯಾಗುವುದಿಲ್ಲ. ಆದರೆ ಎರಡು ಸಾಲುಗಳನ್ನು ಅದಲುಬದಲು ಮಾಡಿದರೆ? ಒಂದರಲ್ಲಿ ಹತ್ತು ಕಳೆದು ಇನ್ನೊಂದಕ್ಕೆ ಹತ್ತು ಕೂಡಿದರೆ? ಮೊತ್ತ ಅಷ್ಟೇ ಇರುತ್ತದೆ, ಪುಸ್ತಕ ಮಾತ್ರ ಸುಳ್ಳು. ಬರಿಯ ಕೂಡುಲೆಕ್ಕ ಸಾಲದು ಎಂದು ಕಂಪ್ಯೂಟರಿನವರಿಗೆ ಬಹಳ ಬೇಗ ತಿಳಿಯಿತು. 1961ರಲ್ಲಿ ವೆಸ್ಲಿ ಪೀಟರ್ಸನ್ ಕೂಡುವ ಬದಲು ಒಂದು ಬಗೆಯ ಭಾಗಾಕಾರ ಮಾಡಿ, ಉಳಿದ ಶೇಷವನ್ನು ಗುರುತಾಗಿ ಇಡುವ ಸಿಆರ್‌ಸಿ ವಿಧಾನ ಕೊಟ್ಟರು. ಅದರ 32 ಬಿಟ್ಟಿನ ರೂಪದಲ್ಲಿ ಸುಮಾರು 429 ಕೋಟಿ ಬೇರೆಬೇರೆ ಶೇಷಗಳು ಸಾಧ್ಯ. ಜಿಪ್ ಫೈಲು ಬಿಚ್ಚುವಾಗ ‘ಸಿಆರ್‌ಸಿ ಎರರ್’ ಎಂದು ಬರುತ್ತದಲ್ಲ, ಅದು ಇದೇ. ಆಮೇಲೆ ಬಂದ ಹ್ಯಾಶ್ ಲೆಕ್ಕಗಳು ಇನ್ನೂ ಕಟ್ಟುನಿಟ್ಟು. ಫೈಲಿನಲ್ಲಿ ಒಂದೇ ಒಂದು ಬಿಟ್ ಬದಲಾದರೂ ಉತ್ತರದ ಅರ್ಧದಷ್ಟು ಬಿಟ್‌ಗಳು ತಿರುಗಿಬೀಳುತ್ತವೆ. 1995ರ ಎಸ್‌ಎಚ್‌ಎ-1 ಎಂಬ ಹ್ಯಾಶ್ ಎಷ್ಟೇ ದೊಡ್ಡ ಫೈಲಿಗೂ 20 ಬೈಟಿನ ಗುರುತು ಕೊಡುತ್ತದೆ. ಬೇಕೆಂದೇ ಮೋಸ ಮಾಡುವವರು ಇದನ್ನು ದಾಟಬಲ್ಲರು ಎಂದು 2017ರಲ್ಲಿ ತೋರಿಸಿದ್ದಾರೆ. ಕರೆಂಟು ಹೋಗುವುದರಲ್ಲಿ ದುರುದ್ದೇಶವಿಲ್ಲವಾದ್ದರಿಂದ ನಮ್ಮ ಕೆಲಸಕ್ಕೆ ಅದು ಈಗಲೂ ಸಾಕು.

ಸ್ಟೀಮ್‌ನಂಥ ಗೇಮಂಗಡಿಗಳು ಫೈಲುಗಳನ್ನು ಸುಮಾರು ಒಂದೊಂದು ಎಂಬಿಯ ತುಂಡುಗಳಾಗಿ ಕಡಿದು, ಪ್ರತಿ ತುಂಡಿನ ಗುರುತನ್ನೂ ಪಟ್ಟಿಮಾಡಿ ಇಟ್ಟುಕೊಂಡಿರುತ್ತವೆ. ನೂರು ಜಿಬಿಗೆ ಒಂದು ಲಕ್ಷ ತುಂಡು, ತುಂಡಿಗೆ 20 ಬೈಟ್. ಅಲ್ಲಿಗೆ ಗುರುತುಗಳೆಲ್ಲ ಸೇರಿ 2 ಎಂಬಿ. ಇಷ್ಟು ಸಣ್ಣ ಪಟ್ಟಿ ಕೈಯಲ್ಲಿದ್ದರೆ ನೂರು ಜಿಬಿಯನ್ನು ಕೂತಲ್ಲೇ ತಾಳೆ ನೋಡಬಹುದು, ಇಂಟರ್‌ನೆಟ್ ಹೆಚ್ಚುಕಡಿಮೆ ಬೇಕಾಗುವುದೇ ಇಲ್ಲ. ಸ್ಟೀಮ್ ಲೈಬ್ರರಿಯಲ್ಲಿ ಗೇಮಿನ ಹೆಸರಿನ ಮೇಲೆ ಮೌಸಿನ ಬಲಗುಂಡಿ ಒತ್ತಿ, ‘ಪ್ರಾಪರ್ಟೀಸ್’, ಅದರೊಳಗೆ ‘ಇನ್‌ಸ್ಟಾಲ್ಡ್ ಫೈಲ್ಸ್’, ಅಲ್ಲಿ ‘ವೆರಿಫೈ’. ಎಪಿಕ್ ಎಂಬ ಇನ್ನೊಂದು ಗೇಮಂಗಡಿಯಲ್ಲೂ ಇದೇ ಹೆಸರಿನ ಗುಂಡಿ ಇದೆ. ಹಳೆಯ ಹಾರ್ಡ್ ಡಿಸ್ಕು ಸೆಕೆಂಡಿಗೆ 100 ಎಂಬಿ ಓದುತ್ತದೆ ಎಂದಿಟ್ಟುಕೊಂಡರೂ ಇಡೀ ಗೇಮ್ ಓದಿ ಮುಗಿಸಲು ಹದಿನೇಳು ನಿಮಿಷ. ತಾಳೆಯಾಗದ ತುಂಡುಗಳನ್ನು ಮಾತ್ರ ಸ್ಟೀಮ್ ಮತ್ತೆ ತರಿಸಿಕೊಳ್ಳುತ್ತದೆ. ಐವತ್ತು ದಿನದ ಕೆಲಸ ಒಂದು ಲೋಟ ಕಾಫಿ ಕುಡಿಯುವುದರೊಳಗೆ ಮುಗಿಯಿತು. ‘ಒಂದು ಫೈಲು ತಾಳೆಯಾಗಲಿಲ್ಲ’ ಎಂದು ಪ್ರತಿಸಲವೂ ಹೇಳುತ್ತಿದ್ದರೆ ಗಾಬರಿಯಾಗಬೇಡಿ. ನಿಮ್ಮ ಸೆಟ್ಟಿಂಗ್ ಬರೆದಿಟ್ಟ ಫೈಲು ಮೂಲದ ಹಾಗೆ ಇರುವುದಿಲ್ಲ, ಇರಲೂಬಾರದು. ಗೇಮಿನ ಫೈಲುಗಳನ್ನೇ ತಿದ್ದುವ ಮಾಡ್‌ಗಳನ್ನು ಹಾಕಿಕೊಂಡವರು ಮಾತ್ರ ಈ ಗುಂಡಿ ಒತ್ತುವ ಮೊದಲು ಅವನ್ನು ಬೇರೆ ಕಡೆ ಎತ್ತಿಟ್ಟುಕೊಳ್ಳಬೇಕು. ಇದು ಅವನ್ನೂ ಕೆಟ್ಟದ್ದೆಂದೇ ತಿಳಿದು ಅಳಿಸಿ ಮೂಲವನ್ನು ತಂದು ಕೂರಿಸುತ್ತದೆ.

‘ಇಂಥ ಡಿಎಲ್‌ಎಲ್ ಕಾಣೆಯಾಗಿದೆ’ ಎಂಬ ದೂರು ಬಂದಾಗ ಆ ಸಹಾಯಕ ಫೈಲಿನ ಹೆಸರನ್ನು ಹುಡುಕಿ, ಸಿಕ್ಕ ಜಾಲತಾಣದಿಂದ ಇಳಿಸಿಕೊಳ್ಳುವ ಅಭ್ಯಾಸ ನಮ್ಮಲ್ಲಿ ಬಹಳ. ಅದು ಮನೆ ಬೀಗ ಕೆಟ್ಟಿತೆಂದು ಕಳ್ಳನಿಂದ ಬೀಗ ಕೊಂಡ ಹಾಗೆ. ಅಂಥ ಫೈಲು ಸಾಮಾನ್ಯವಾಗಿ ಮೈಕ್ರೋಸಾಫ್ಟ್‌ನವರ ವಿಷುವಲ್ ಸಿ++ ಕಟ್ಟಿನದು. ಅವರ ತಾಣದಿಂದಲೇ ಆ ಕಟ್ಟನ್ನು ಮತ್ತೆ ಹಾಕಿದರೆ ಮುಗಿಯಿತು.

ಇಷ್ಟೆಲ್ಲ ಸಾಧ್ಯವಾಗುವುದು ಒಂದೇ ಕಾರಣಕ್ಕೆ. ಗೇಮಿನ ಫೈಲು ನಿಮ್ಮೊಬ್ಬರದಲ್ಲ, ಅದರ ಲಕ್ಷಗಟ್ಟಲೆ ಪ್ರತಿಗಳಿವೆ. ಅಸಲಿಗೆ ಇಲ್ಲಿ ಯಾವುದನ್ನೂ ‘ರಿಪೇರಿ’ ಮಾಡುತ್ತಿಲ್ಲ, ಕೆಟ್ಟ ತುಂಡು ಬಿಸಾಕಿ ಒಳ್ಳೆಯ ತುಂಡು ಹಾಕುತ್ತಿದ್ದೇವೆ. ಆದರೆ ಪ್ರತಿ ಗೇಮಿನ ಜೊತೆಗೂ ಲೋಕದಲ್ಲಿ ಇನ್ನೆಲ್ಲೂ ಇಲ್ಲದ ಒಂದು ಫೈಲು ಇರುತ್ತದೆ. ನೀವು ಎಷ್ಟು ಹಂತ ದಾಟಿದ್ದೀರಿ, ಏನೇನು ಗಳಿಸಿದ್ದೀರಿ ಎಂದು ಬರೆದಿಟ್ಟ ಸೇವ್ ಫೈಲು. ಕೆಲವೇ ಕೆಬಿ ಇರಬಹುದು. ಅದು ಹೋದರೆ ತಂದುಕೊಡುವವರಿಲ್ಲ. ನಮ್ಮ ಕಡೆಯ ಕಂಪ್ಯೂಟರುಗಳಲ್ಲಿ ವರ್ಷಗಟ್ಟಲೆ ಓಡಿದ ‘ಜಿಟಿಎ: ಸ್ಯಾನ್ ಆಂಡ್ರಿಯಾಸ್’ನ ಸೇವ್‌ಗಳು ‘ಡಾಕ್ಯುಮೆಂಟ್ಸ್’ ಒಳಗಿನ ಫೋಲ್ಡರಿನಲ್ಲಿ ಕೂತಿರುತ್ತವೆ. ಫಾರ್ಮ್ಯಾಟ್ ಮಾಡುವವರು ಗೇಮಿನ ಫೋಲ್ಡರನ್ನು ಜೋಪಾನವಾಗಿ ಕಾಪಿ ಮಾಡಿಟ್ಟು ಇದನ್ನು ಮರೆಯುತ್ತಾರೆ. ಬೇಕಾದ್ದು ಹೋಯಿತು, ಬೇಡದ್ದು ಉಳಿಯಿತು.

ಕರೆಂಟು ಹೋದಾಗ ಮೊದಲು ಕೆಡುವುದೂ ಇದೇ ಫೈಲು, ಯಾಕೆಂದರೆ ಆಟದ ನಡುವೆ ಬರೆಯಲಾಗುತ್ತಿರುವುದು ಹೆಚ್ಚಾಗಿ ಇದೇ. ‘ಬರೆದೆ’ ಎಂದು ಗೇಮ್ ಹೇಳಿದ ಕ್ಷಣದಲ್ಲಿ ಅಕ್ಷರಗಳು ಡಿಸ್ಕಿನ ಮೇಲೆ ಬಿದ್ದಿರಲೇಬೇಕೆಂದಿಲ್ಲ. ವೇಗಕ್ಕಾಗಿ ಅವು ಸ್ವಲ್ಪ ಹೊತ್ತು ರ‍್ಯಾಮ್‌ನಲ್ಲಿ, ಇನ್ನು ಸ್ವಲ್ಪ ಹೊತ್ತು ಡಿಸ್ಕಿನದೇ ಸಣ್ಣ ನೆನಪಿನಲ್ಲಿ ಕಾಯುತ್ತಿರುತ್ತವೆ. ವಿಂಡೋಸಿನ ಎನ್‌ಟಿಎಫ್‌ಎಸ್ ವ್ಯವಸ್ಥೆ ತನ್ನ ಕೆಲಸದ ದಿನಚರಿ ಬರೆದಿಟ್ಟುಕೊಳ್ಳುತ್ತದೆ, ನಿಜ. ಆದರೆ ಆ ದಿನಚರಿಯಲ್ಲಿ ಇರುವುದು ಫೈಲಿನ ಹೆಸರು, ಗಾತ್ರ, ಜಾಗದ ವಿವರ. ಒಳಗಿನ ಹೂರಣ ಅಲ್ಲ. ಅದಕ್ಕೇ ಕರೆಂಟು ಬಂದ ಮೇಲೆ ಒಂದು ವಿಚಿತ್ರ ಕಾಣುವುದುಂಟು. ಫೈಲು ಇದೆ, ಗಾತ್ರ ಸರಿ ಇದೆ, ತೆರೆದು ನೋಡಿದರೆ ಉದ್ದಕ್ಕೂ ಬರೀ ಸೊನ್ನೆ. ‘ಚೆಕ್ ಡಿಸ್ಕ್’ ಓಡಿಸಿದರೆ ಎಲ್ಲ ಸರಿಯಾಗಿದೆ ಅನ್ನುತ್ತದೆ, ಅದರ ಮಟ್ಟಿಗೆ ಎಲ್ಲವೂ ಸರಿಯೇ. ಸೊನ್ನೆಗಳಿಂದ ಸೇವ್ ಹುಟ್ಟಿಸುವ ಯಾವ ತಂತ್ರಾಂಶವೂ ಇಲ್ಲ. ಇದೆ ಎಂದು ಹಣ ಕೇಳುವವರನ್ನು ನಂಬಬೇಡಿ.

ಜಾಣ ಗೇಮ್ ತಯಾರಕರು ಈ ಗಂಡಾಂತರವನ್ನು ಹಿಂದೆಯೇ ಬಲ್ಲರು. ಬ್ಯಾಟರಿ ಇದ್ದ ಕ್ಯಾಸೆಟ್ಟಿನಲ್ಲಿ ಆಟ ಉಳಿಸುತ್ತಿದ್ದ ನಿಂಟೆಂಡೋದ ‘ಲೆಜೆಂಡ್ ಆಫ್ ಜೆಲ್ಡಾ’ದಲ್ಲಿ ರೀಸೆಟ್ ಗುಂಡಿ ಒತ್ತಿಹಿಡಿದುಕೊಂಡೇ ಪವರ್ ಆರಿಸಬೇಕಿತ್ತು. ಆರುವ ಗಳಿಗೆಯಲ್ಲಿ ಪ್ರೊಸೆಸರ್ ಹುಚ್ಚುಹುಚ್ಚಾಗಿ ಏನಾದರೂ ಗೀಚಿಬಿಡದಿರಲಿ ಎಂದು. (ಕ್ಯಾಸೆಟ್ಟಿಗೆ ಉಫ್ ಎಂದು ಊದುತ್ತಿದ್ದದ್ದು ಬೇರೆ ವಿದ್ಯೆ. ಊದಿದ್ದರಿಂದಲ್ಲ, ತೆಗೆದು ಮತ್ತೆ ಹಾಕಿದ್ದರಿಂದ ಪಿನ್ನುಗಳು ಸರಿಯಾಗಿ ಕೂತು ಗೇಮ್ ಓಡುತ್ತಿತ್ತು. ಉಸಿರಿನ ತೇವದಿಂದ ಪಿನ್ನಿಗೆ ಕಿಲುಬು ಹಿಡಿದದ್ದೇ ಲಾಭ.) 2002ರ ‘ಪೋಕೆಮಾನ್ ರೂಬಿ’ ಮತ್ತು ‘ಸಫೈರ್’ ಇನ್ನೂ ಜಾಣತನ ತೋರಿದವು. ಅವುಗಳಲ್ಲಿ ಸೇವ್‌ಗೆ ಎರಡು ಮನೆ. ಈ ಸಲ ಒಂದರಲ್ಲಿ ಬರೆದರೆ ಮುಂದಿನ ಸಲ ಇನ್ನೊಂದರಲ್ಲಿ, ಪ್ರತಿಯೊಂದಕ್ಕೂ ತಾಳೆಯ ಮೊತ್ತ ಮತ್ತು ಸರದಿ ಸಂಖ್ಯೆ. ಬರೆಯುವಾಗ ಬ್ಯಾಟರಿ ಸತ್ತರೆ ಹೊಸದು ತಾಳೆಯಾಗುವುದಿಲ್ಲ, ಆಗ ಗೇಮ್ ಹಿಂದಿನದನ್ನು ಎತ್ತಿಕೊಳ್ಳುತ್ತದೆ. ನಷ್ಟವಾಗುವುದು ಕೊನೆಯ ಅರ್ಧ ಗಂಟೆಯ ಆಟ, ಅಷ್ಟೆ. ಹಳೆಯದನ್ನು ಮುಟ್ಟದೆ ಹೊಸದನ್ನು ಬೇರೆ ಹೆಸರಲ್ಲಿ ಬರೆದು, ಪೂರ್ತಿಯಾದ ಮೇಲೆ ಹೆಸರು ಬದಲಿಸುವುದು ಇವತ್ತಿನ ಕಂಪ್ಯೂಟರುಗಳಲ್ಲೂ ಒಳ್ಳೆಯ ತಂತ್ರಾಂಶದ ಲಕ್ಷಣ. ಇದನ್ನು ಮಾಡದ ದುಬಾರಿ ಗೇಮುಗಳು ಈಗಲೂ ಬರುತ್ತಿವೆ ಎಂಬುದು ನನಗೆ ಅರ್ಥವಾಗದ ಸೋಮಾರಿತನ.

ಸೇವ್‌ನ ನಕಲನ್ನು ಇಂಟರ್‌ನೆಟ್ಟಿನಲ್ಲಿ ಇಟ್ಟುಕೊಳ್ಳುವ ಕ್ಲೌಡ್ ಇದೆಯಲ್ಲ ಎನ್ನಬಹುದು. ಇದೆ. ಸ್ಟೀಮ್ ಮತ್ತು ಎಕ್ಸ್‌ಬಾಕ್ಸ್‌ನವರು ಪುಕ್ಕಟೆ ಕೊಡುತ್ತಾರೆ, ಪ್ಲೇಸ್ಟೇಷನ್ ಮತ್ತು ನಿಂಟೆಂಡೋದವರು ಚಂದಾ ಕೇಳುತ್ತಾರೆ. ಆದರೆ ಕ್ಲೌಡಿಗೆ ಒಳ್ಳೆಯದು ಕೆಟ್ಟದ್ದರ ಅರಿವಿಲ್ಲ, ಹೊಸದು ಹಳೆಯದರ ಅರಿವಷ್ಟೇ. ಸೊನ್ನೆ ತುಂಬಿದ ಫೈಲೂ ಅದರ ಕಣ್ಣಿಗೆ ‘ಹೊಸದು’. ಆದ್ದರಿಂದ ಸೇವ್ ಕೆಟ್ಟಿದೆ ಅನಿಸಿದ ಕೂಡಲೇ ಮಾಡಬೇಕಾದ ಮೊದಲ ಕೆಲಸ ಇಂಟರ್‌ನೆಟ್ ಕಡಿಯುವುದು. ಸೇವ್ ಫೋಲ್ಡರಿನ ನಕಲು ಬೇರೆ ಕಡೆ ಇಟ್ಟುಕೊಂಡು, ಮತ್ತೆ ಜೋಡಿಸಿ, ‘ಇಲ್ಲಿನದೋ ಕ್ಲೌಡಿನದೋ’ ಎಂಬ ಪ್ರಶ್ನೆ ಬಂದರೆ ತಾರೀಖು ನೋಡಿ ಕೆಡುವುದಕ್ಕೆ ಮುಂಚಿನದನ್ನು ಆರಿಸಬೇಕು.

ಕನ್ಸೋಲುಗಳಲ್ಲಿ ಕೈಹಾಕಲು ಇರುವ ಜಾಗ ಕಡಿಮೆ. ನಿಂಟೆಂಡೋ ಸ್ವಿಚ್‌ನಲ್ಲಿ ಕೆಟ್ಟ ಡೇಟಾ ಪರೀಕ್ಷಿಸುವ ಆಯ್ಕೆ ಗೇಮಿನ ಮೆನುವಿನಲ್ಲೇ ಇದೆ. ಸೇವ್ ಇರುವುದು ಯಂತ್ರದ ಸ್ವಂತ ನೆನಪಿನಲ್ಲಿ, ಹಾಗಾಗಿ ಮೆಮೊರಿ ಕಾರ್ಡ್ ಹೋದರೆ ಗೇಮ್ ಹೋದೀತು, ಸೇವ್ ಹೋಗದು. ಆರಿಸಿಟ್ಟ ಪ್ಲೇಸ್ಟೇಷನ್ 4ರಲ್ಲಿ ಪವರ್ ಗುಂಡಿಯನ್ನು ಎರಡನೇ ಬೀಪ್ ಕೇಳುವವರೆಗೆ, ಸುಮಾರು ಏಳು ಸೆಕೆಂಡು, ಒತ್ತಿಹಿಡಿದರೆ ಸೇಫ್ ಮೋಡ್ ಬರುತ್ತದೆ. ಅಲ್ಲಿನ ‘ರೀಬಿಲ್ಡ್ ಡೇಟಾಬೇಸ್’ ಎಲ್ಲ ರೋಗಕ್ಕೂ ಮದ್ದು ಎಂಬ ನಂಬಿಕೆ ಹುಡುಗರಲ್ಲಿದೆ. ಅದು ಸರಿಮಾಡುವುದು ಯಾವ ಗೇಮ್ ಎಲ್ಲಿದೆ ಎಂಬ ಯಂತ್ರದ ಪಟ್ಟಿಯನ್ನು, ಗೇಮನ್ನಲ್ಲ. ಗೇಮೇ ಕೆಟ್ಟಿದ್ದರೆ ಅಳಿಸಿ ಮತ್ತೆ ಹಾಕುವುದೇ ದಾರಿ. ರೆಸ್ಟ್ ಮೋಡ್‌ನಲ್ಲಿ ಬಿಟ್ಟ ಯಂತ್ರ ಆಫ್ ಆಗಿಲ್ಲ ಎಂಬುದನ್ನೂ ನೆನಪಿಡಿ. ರಾತ್ರಿ ಕರೆಂಟು ಹೋದರೆ ಅದಕ್ಕೂ ಅದೇ ಏಟು. ಲ್ಯಾಪ್‌ಟಾಪಿಗೆ ತನ್ನದೇ ಬ್ಯಾಟರಿ ಇದೆ. ಡೆಸ್ಕ್‌ಟಾಪಿಗೂ ಕನ್ಸೋಲಿಗೂ ಹತ್ತು ನಿಮಿಷ ತಡೆಯುವ ಸಣ್ಣ ಯುಪಿಎಸ್ ಇದ್ದರೆ ಈ ಲೇಖನದ ಅರ್ಧ ಓದಬೇಕಾಗಿರಲಿಲ್ಲ.

ಎಷ್ಟು ಸಲ ತಾಳೆ ನೋಡಿದರೂ ಮತ್ತೆ ಕೆಡುತ್ತಿದ್ದರೆ ತಪ್ಪು ಫೈಲಿನದಲ್ಲ. ಆಗ ಗಮನಿಸಬೇಕಾದ್ದು ಕೆಡುವುದು ಅದೇ ಫೈಲೋ, ಬೇರೆಬೇರೆಯೋ ಎಂದು. ಅದೇ ಆದರೆ ಡಿಸ್ಕಿನ ಆ ಜಾಗ ಸವೆದಿರಬಹುದು. ಪ್ರತಿಸಲ ಬೇರೆಯಾದರೆ ಓದುವ ಕಣ್ಣಿನಲ್ಲೇ ದೋಷ, ಅಂದರೆ ರ‍್ಯಾಮ್ ಅಥವಾ ಪ್ರೊಸೆಸರ್. ಮೆಮೊರಿ ಕಾರ್ಡಿನದ್ದು ಇನ್ನೊಂದು ಕಥೆ. ನಕಲಿ ಕಾರ್ಡು 512 ಜಿಬಿ ಎಂದು ಹೇಳಿಕೊಳ್ಳುತ್ತದೆ, ಒಳಗಿರುವುದು 32 ಜಿಬಿ. ತುಂಬಿದ ಮೇಲೆ ಅದು ಸದ್ದಿಲ್ಲದೆ ಮೊದಲಿಗೆ ಹೋಗಿ ಹಳೆಯದರ ಮೇಲೇ ಬರೆಯುತ್ತದೆ. ಕೊಂಡ ದಿನವೇ ಪೂರ್ತಿ ತುಂಬಿಸಿ ಮತ್ತೆ ಓದಿ ನೋಡುವ ಉಚಿತ ತಂತ್ರಾಂಶಗಳಿವೆ. 2024ರಲ್ಲಿ ಲೋಕದ ತುಂಬ ಗೇಮರುಗಳು ತಲೆಕೆಡಿಸಿಕೊಂಡದ್ದು ಮೇಲೆ ಹೇಳಿದ ಓದುವ ಕಣ್ಣಿನ ದೋಷಕ್ಕೆ. ಒಳ್ಳೆಯ ಫೈಲುಗಳೂ ಬಿಚ್ಚಿಕೊಳ್ಳುವಾಗ ಕೆಟ್ಟಿವೆ ಎಂದು ಗೇಮುಗಳು ಹೇಳುತ್ತಿದ್ದವು. ಕೊನೆಗೆ ಸಿಕ್ಕಿಬಿದ್ದದ್ದು ಇಂಟೆಲ್‌ನ 13 ಮತ್ತು 14ನೇ ಪೀಳಿಗೆಯ ಕೆಲವು ಡೆಸ್ಕ್‌ಟಾಪ್ ಪ್ರೊಸೆಸರುಗಳು. ಅವು ಅಗತ್ಯಕ್ಕಿಂತ ಹೆಚ್ಚು ವೋಲ್ಟೇಜ್ ಕೇಳಿಕೊಂಡು ತಮ್ಮನ್ನೇ ಸವೆಸಿಕೊಳ್ಳುತ್ತಿದ್ದವು. ಇಂಟೆಲ್ ಅದನ್ನು ಒಪ್ಪಿಕೊಂಡು ತಿದ್ದುಪಡಿ ಕೊಟ್ಟಿತು, ವಾರಂಟಿಯನ್ನು ಎರಡು ವರ್ಷ ಹೆಚ್ಚಿಸಿತು. ಅಷ್ಟರೊಳಗೆ ಎಷ್ಟು ಜನ ಎಷ್ಟು ಸಲ ಫಾರ್ಮ್ಯಾಟ್ ಮಾಡಿದ್ದರೋ.

ಒಳ್ಳೆಯ ತುಂಡು ಸರ್ವರಿನಿಂದ ಬರುತ್ತದೆ ಎಂದೆವು. ಆ ಸರ್ವರಿನ ಡಿಸ್ಕು ಕೆಡುವುದಿಲ್ಲವೆ? ಕೆಡುತ್ತದೆ. ಸಾವಿರಾರು ಡಿಸ್ಕು ಇರುವ ಡೇಟಾ ಸೆಂಟರಿನಲ್ಲಿ ಒಂದಲ್ಲ ಒಂದು ಕೆಡುತ್ತಲೇ ಇರುತ್ತದೆ. ಎಲ್ಲದಕ್ಕೂ ಮೂರು ಪ್ರತಿ ಇಟ್ಟರೆ ಮೂರು ಪಟ್ಟು ಖರ್ಚು. ಅದರ ಬದಲು 1960ರಲ್ಲಿ ರೀಡ್ ಮತ್ತು ಸಾಲೊಮನ್ ಕೊಟ್ಟ ಗಣಿತವನ್ನು ಬಳಸುತ್ತಾರೆ. ಗೀರುಬಿದ್ದ ಸಿಡಿಯಲ್ಲೂ ಹಾಡು ಮುಗ್ಗರಿಸದಂತೆ ಕಾಯುತ್ತಿದ್ದದ್ದು ಇದೇ ಗಣಿತ. ಡೇಟಾದ ಹತ್ತು ತುಂಡಿಗೆ ಲೆಕ್ಕದ ನಾಲ್ಕು ತುಂಡು ಸೇರಿಸಿ, ಹದಿನಾಲ್ಕನ್ನೂ ಹದಿನಾಲ್ಕು ಡಿಸ್ಕಿನಲ್ಲಿಟ್ಟರೆ, ಯಾವ ನಾಲ್ಕು ಸತ್ತರೂ ಉಳಿದ ಹತ್ತರಿಂದ ಎಲ್ಲವನ್ನೂ ಮರಳಿ ಪಡೆಯಬಹುದು. ಖರ್ಚು 1.4 ಪಟ್ಟು ಮಾತ್ರ. ಆದರೆ ಒಂದೇ ಡಿಸ್ಕು ಹೋದರೂ ಅದನ್ನು ಕಟ್ಟಲು ಹತ್ತು ತುಂಡುಗಳನ್ನು ಪೂರ್ತಿ ತರಿಸಿಕೊಳ್ಳಬೇಕು. ಒಂದು ಜಿಬಿ ರಿಪೇರಿಗೆ ಹತ್ತು ಜಿಬಿ. ಗೆಟ್ಟವಾಡಿಯ ಹುಡುಗನ ಗೋಳೇ ದೊಡ್ಡ ಪ್ರಮಾಣದಲ್ಲಿ.

ಈ ಗೋಳಿಗೆ ಮದ್ದು ಹುಡುಕಿದವರಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯವರು ಮುಂಚೂಣಿಯಲ್ಲಿದ್ದಾರೆ. ಅಲ್ಲಿನ ಪ್ರೊ. ಪಿ. ವಿಜಯ್ ಕುಮಾರ್, ಆಗ ಅಲ್ಲಿ ಓದುತ್ತಿದ್ದ ಕೆ.ವಿ. ರಶ್ಮಿ ಮತ್ತು ನಿಹಾರ್ ಶಾ 2011ರಲ್ಲಿ ಪ್ರಕಟಿಸಿದ ಪ್ರಬಂಧ ಈ ಕ್ಷೇತ್ರದಲ್ಲಿ ಹೆಸರಾದದ್ದು. ಪ್ರತಿ ಡಿಸ್ಕು ತನ್ನ ತುಂಡನ್ನು ಪೂರ್ತಿ ಕಳಿಸದೆ ಬೇಕಾದಷ್ಟನ್ನು ಮಾತ್ರ ಕಳಿಸಿ ಕೆಟ್ಟದ್ದನ್ನು ಕಟ್ಟುವ ಬಗೆ ಅದರಲ್ಲಿದೆ. ವಿಜಯ್ ಕುಮಾರ್ ಅವರ ತಂಡ ಅಮೆರಿಕದ ಸಂಶೋಧಕರ ಜೊತೆಗೂಡಿ 2018ರಲ್ಲಿ ‘ಕ್ಲೇ ಕೋಡ್’ ಎಂಬುದನ್ನು ಕಟ್ಟಿ, ನಿಜವಾದ ಯಂತ್ರಗಳ ಮೇಲೆ ಓಡಿಸಿ ತೋರಿಸಿತು. ಅದೇ ಹದಿನಾಲ್ಕು ಡಿಸ್ಕುಗಳ ಲೆಕ್ಕದಲ್ಲಿ, ಒಂದು ಹೋದರೆ ಉಳಿದ ಹದಿಮೂರೂ ತಂತಮ್ಮ ತುಂಡಿನ ಕಾಲುಭಾಗ ಮಾತ್ರ ಕಳಿಸಿದರೆ ಸಾಕು. ಹದಿಮೂರು ಕಾಲು ಅಂದರೆ ಮೂರೂಕಾಲು. ಹತ್ತು ಜಿಬಿ ಬೇಕಾಗಿದ್ದ ಕಡೆ ಮೂರೂಕಾಲು ಜಿಬಿ. ಜಗತ್ತಿನಾದ್ಯಂತ ಬಳಕೆಯಲ್ಲಿರುವ ಸೆಫ್ ಎಂಬ ಮುಕ್ತ ತಂತ್ರಾಂಶ 2019ರಿಂದ ಈ ಕೋಡನ್ನು ತನ್ನೊಳಗೆ ಸೇರಿಸಿಕೊಂಡಿದೆ, ಬೇಕಾದವರು ಪುಕ್ಕಟೆ ಹಾಕಿಕೊಳ್ಳಬಹುದು.