‘ಹೆಸರು ಬರೆ’ ಎಂದರೆ ‘ಹೆಸರು’ ಎಂದೇ ಬರೆದರೆ?

ಒಂದನೇ ತರಗತಿಯ ಪೋರನಿಗೆ ಮೇಷ್ಟ್ರು ‘ಹೆಸರು ಬರೆ’ ಎಂದರೆ, ಅವನು ಸ್ಲೇಟಿನ ಮೇಲೆ ‘ಹೆಸರು’ ಎಂಬ ಮೂರಕ್ಷರವನ್ನೇ ಬರೆದು ತೋರಿಸಿಯಾನು. ವಿಮ್ ಎಂಬ ಪಠ್ಯ ಸಂಪಾದಕ ತಂತ್ರಾಂಶದ ಸ್ವಭಾವವೂ ಹೆಚ್ಚುಕಡಿಮೆ ಅದೇ. ಅದನ್ನು ತಮ್ಮ ಕೈಗೆ ಒಗ್ಗಿಸಿಕೊಳ್ಳಲು ಬಳಕೆದಾರರು ವಿಮ್‌ಆರ್‌ಸಿ ಎಂಬ ಕಡತದಲ್ಲಿ ಸೂಚನೆಗಳನ್ನು ಬರೆದಿಡುತ್ತಾರೆ. ಅಲ್ಲಿ ‘ನೇಮ್’ ಎಂಬ ಚರದೊಳಗೆ ಕಡತವೊಂದರ ಹೆಸರಿಟ್ಟು, ‘ಎಡಿಟ್ ನೇಮ್’ ಎಂದು ಆದೇಶಿಸಿ ನೋಡಿ. ಚರದೊಳಗೆ ಏನಿದೆ ಎಂದು ಇಣುಕುವ ಗೋಜಿಗೂ ಹೋಗದೆ, ‘ನೇಮ್’ ಎಂಬ ಹೊಸ ಖಾಲಿ ಕಡತವನ್ನೇ ತೆರೆದು ಕೂರುತ್ತದೆ!

ಇದು ವಂಶದಿಂದ ಬಂದ ಗುಣ. 1976ರಲ್ಲಿ ಬರ್ಕ್‌ಲಿಯ ಕ್ಯಾಲಿಫೋರ್ನಿಯ ವಿಶ್ವವಿದ್ಯಾಲಯದಲ್ಲಿ ಬಿಲ್ ಜಾಯ್ ರೂಪಿಸಿದ ‘ಎಕ್ಸ್’, ‘ವಿಐ’ ಸಂಪಾದಕಗಳು ವಿಮ್‌ನ ಪೂರ್ವಜರು. ಅವುಗಳ ಆದೇಶಗಳು ಮನುಷ್ಯರು ಕೀಲಿಮಣೆಯಲ್ಲಿ ಕುಟ್ಟಲೆಂದೇ ಇದ್ದವು. ಆದೇಶದ ಮುಂದೆ ಬರುವುದೆಲ್ಲ ಬರಿಯ ಅಕ್ಷರ, ಅಷ್ಟೆ. 2023ರಲ್ಲಿ ತೀರಿಕೊಂಡ ಹಾಲೆಂಡಿನ ಬ್ರಾಮ್ ಮೂಲೆನಾರ್ ವಿಮ್ ಅನ್ನು ಹೊರತಂದದ್ದು 1991ರಲ್ಲಿ. ಅದಕ್ಕೊಂದು ಸ್ಕ್ರಿಪ್ಟ್ ಭಾಷೆ ಸೇರಿದ್ದು 1998ರ 5.0 ಆವೃತ್ತಿಯಲ್ಲಿ. ಹಳೆ ಮನೆಯ ಮೇಲೆ ಮಹಡಿ ಎಬ್ಬಿಸಿದ ಹಾಗಾಯಿತು. ಏಣಿಯೊಂದು ಬೇಕಲ್ಲ? ಆ ಏಣಿಯೇ ‘ಎಕ್ಸಿಕ್ಯೂಟ್’. ‘ಎಡಿಟ್’ ಎಂಬ ಪದಕ್ಕೆ ಚರದೊಳಗಿನ ಹೆಸರನ್ನು ಪೋಣಿಸಿ, ಆ ಸಾಲನ್ನು ಬಳಕೆದಾರರೇ ಕುಟ್ಟಿದರೇನೋ ಎಂಬಂತೆ ಅದು ನಡೆಸಿಕೊಡುತ್ತದೆ.

ತೊಡಕಿರುವುದು ಈ ಪೋಣಿಸುವಿಕೆಯಲ್ಲೇ. ಹೆಸರು ಎಲ್ಲಿ ಮುಗಿಯಿತು, ಆದೇಶ ಎಲ್ಲಿ ಶುರುವಾಯಿತು ಎಂಬುದು ವಿಮ್‌ಗೆ ತಿಳಿಯದು. ಹೆಸರಿನಲ್ಲಿ ಶೇಕಡಾ ಚಿಹ್ನೆ ಇದ್ದರೆ, ಸದ್ಯ ತೆರೆದಿರುವ ಕಡತದ ಹೆಸರು ಆ ಜಾಗದಲ್ಲಿ ಬಂದು ಕೂರುತ್ತದೆ. ನೆಟ್ಟಗಿನ ಗೆರೆ ಇದ್ದರಂತೂ ಅದರ ಆಚೆಗಿನದು ಮತ್ತೊಂದು ಆದೇಶವೆಂದೇ ಲೆಕ್ಕ. ಕಿಡಿಗೇಡಿಗಳಿಗೆ ಇನ್ನೇನು ಬೇಕು? ಕಡತದ ಬಗೆಯನ್ನು ಗುರುತಿಸುವ, ಜಿಜಿಪ್ ಗಂಟು ಬಿಚ್ಚುವ, ವಿಮ್ ಜೊತೆಯಲ್ಲೇ ಬರುತ್ತಿದ್ದ ಸ್ಕ್ರಿಪ್ಟುಗಳಲ್ಲೇ ಈ ಬಿರುಕು 2008ರಲ್ಲಿ ಪತ್ತೆಯಾಯಿತು. ಬೇಕೆಂದೇ ವಕ್ರವಾಗಿ ಹೆಸರಿಟ್ಟ ಕಡತವೊಂದನ್ನು ತೆರೆದರೆ ಸಾಕು, ಹೆಸರಿನೊಳಗೆ ಅಡಗಿದ್ದ ಆದೇಶ ತೆರೆದವರ ಗಣಕದಲ್ಲೇ ಕೆಲಸ ಸಾಧಿಸಿಕೊಳ್ಳಬಹುದಿತ್ತು. ಅದೇ ವರ್ಷ ಬಂದ 7.2 ಆವೃತ್ತಿಯಲ್ಲಿ ‘ಎಫ್‌ನೇಮ್‌ಎಸ್ಕೇಪ್’ ಎಂಬ ಸವಲತ್ತು ಇತ್ತು. ತಂಟೆಕೋರ ಚಿಹ್ನೆಗಳ ಮುಂದೆ ಒಂದೊಂದು ಓರೆಗೆರೆ ಎಳೆದು, ಅವನ್ನು ಸಾಧು ಅಕ್ಷರಗಳನ್ನಾಗಿಸುವುದು ಅದರ ಕೆಲಸ. ಹೆಸರನ್ನು ಪೋಣಿಸುವ ಮುನ್ನ ಇದನ್ನು ಬಳಸದಿರುವುದು ಸೋಮಾರಿತನವೇ ಸರಿ.

2014ರಲ್ಲಿ ಆರಂಭವಾದ ಕವಲು ತಂತ್ರಾಂಶ ನಿಯೋವಿಮ್ ಬೇರೆ ದಾರಿ ಹಿಡಿದಿದೆ. ಅದರ 2022ರ 0.8 ಆವೃತ್ತಿಯಿಂದ ಆದೇಶವನ್ನೂ ಅದಕ್ಕೆ ಕೊಡಬೇಕಾದ ಹೆಸರನ್ನೂ ಲೂವಾ ಭಾಷೆಯಲ್ಲಿ ಬೇರೆಬೇರೆಯಾಗಿಯೇ ಒಪ್ಪಿಸಬಹುದು. ನೆಟ್ಟಗಿನ ಗೆರೆಯ ಆಟ ಅಲ್ಲಿ ನಡೆಯದು. ಶೇಕಡಾ ಚಿಹ್ನೆಯ ತಂಟೆ ಮಾತ್ರ ಅಲ್ಲೂ ಉಳಿದಿರುವುದರಿಂದ, ಎಫ್‌ನೇಮ್‌ಎಸ್ಕೇಪ್‌ಗೆ ಇನ್ನೂ ನಿವೃತ್ತಿ ಸಿಕ್ಕಿಲ್ಲ.